ಮನೆಗೆ ಸಿಸಿ ಕ್ಯಾಮೆರಾ ಹಾಕಿಸುವಾಗ: ನಮ್ಮ ಗೇಟು ಕಾಣಲಿ, ಎದುರು ಮನೆಯ ಬಾಗಿಲು ಬೇಡ

ನಮ್ಮ ಮನೆಗೆ ಕ್ಯಾಮೆರಾ ಹಾಕಿಸಿ ಎರಡು ವಾರ ಆಗಿತ್ತು. ಎದುರು ಮನೆ ಆಂಟಿ ಬೆಳಿಗ್ಗೆ ಬಾಗಿಲಿಗೆ ನೀರು ಹಾಕಲು ಬರುವಾಗ ನೈಟಿ ಮೇಲೆ ಟವೆಲ್ ಹೊದ್ದು ಬರುತ್ತಿದ್ದುದನ್ನು ಅಮ್ಮ ಗಮನಿಸಿದರು. ಮೊದಲೆಲ್ಲ ಅವರು ನಿಧಾನವಾಗಿ ರಂಗೋಲಿ ಬಿಡಿಸಿ, ಅಮ್ಮನ ಜೊತೆ ಹತ್ತು ನಿಮಿಷ ಮಾತಾಡಿ ಹೋಗುತ್ತಿದ್ದವರು. ಈಗ ನಾಲ್ಕು ಗೆರೆ ಎಳೆದು ಒಳಗೆ ಹೋಗಿಬಿಡುತ್ತಿದ್ದರು. ಅಮ್ಮ ಕೇಳಿದಾಗ ಅವರು ಹೇಳಿದ್ದು ಇಷ್ಟು: "ಅಲ್ಲಾ ರೀ, ನಿಮ್ಮ ಕ್ಯಾಮೆರಾ ನಮ್ಮ ಬಾಗಿಲನ್ನೇ ನೋಡ್ತಾ ಇರತ್ತೆ. ನಿಮ್ಮ ಮಗನ ಫೋನಲ್ಲಿ ನಾವು ದಿನಾ ಕಾಣ್ತೀವಿ ಅಲ್ವಾ?"

ಆ್ಯಪ್ ತೆಗೆದು ನೋಡಿದೆ. ಅವರ ಮಾತು ನಿಜವೇ ಆಗಿತ್ತು. ಅವರ ಬಾಗಿಲು, ತುಳಸಿ ಕಟ್ಟೆ, ಹಾಲ್ ಕಿಟಕಿ ಎಲ್ಲವೂ ಚಿತ್ರದ ನಡುವಿನಲ್ಲೇ ಇದ್ದವು. ನಮ್ಮ ಗೇಟು ಕೆಳಗಿನ ಮೂಲೆಯಲ್ಲಿ ಅರ್ಧ ಕಾಣುತ್ತಿತ್ತು. ಹಾಕಿಸಿದ ದಿನ ನಾನು ಚಿತ್ರ ಸ್ಪಷ್ಟವಾಗಿದೆಯಾ ಅಂತ ಮಾತ್ರ ನೋಡಿದ್ದೆ. ಯಾರ ಚಿತ್ರ ಅಂತ ನೋಡಿರಲಿಲ್ಲ. ಆ ತಪ್ಪು ನನ್ನದು. ಅದನ್ನು ಸರಿ ಮಾಡುತ್ತಾ ಕಲಿತಿದ್ದನ್ನು, ಆಮೇಲೆ ನೆಂಟರ ಮನೆಗಳಿಗೆ ಹಾಕಿಸುವಾಗ ತಿಳಿದಿದ್ದನ್ನು ಇಲ್ಲಿ ಬರೆದಿದ್ದೇನೆ.

ಹೆಜ್ಜೆ 1: ಕೊಳ್ಳುವ ಮೊದಲು ಫೋನ್ ಹಿಡಿದು ಮನೆ ಸುತ್ತ ಒಂದು ಸುತ್ತು

ಅಂಗಡಿಗೆ ಹೋದರೆ ನಾಲ್ಕು ಕ್ಯಾಮೆರಾ, ಎಂಟು ಕ್ಯಾಮೆರಾ ಅಂತ ಪ್ಯಾಕೇಜ್ ತೋರಿಸುತ್ತಾರೆ. ಎಂಟು ತಂದರೆ ಎಂಟಕ್ಕೂ ಜಾಗ ಹುಡುಕುತ್ತೇವೆ. ಆಗಲೇ ಬೇಡದ ಕಡೆಗೆಲ್ಲ ಕ್ಯಾಮೆರಾ ತಿರುಗುವುದು. ಅದಕ್ಕೆ ಮೊದಲು ನಿಮ್ಮ ಭಯ ಏನು ಅಂತ ಒಂದು ಚೀಟಿಯಲ್ಲಿ ಬರೆಯಿರಿ. ರಾತ್ರಿ ಗಾಡಿ ಕಳುವಾಗುವುದೇ? ಯಾರೂ ಇಲ್ಲದಾಗ ಪಾರ್ಸೆಲ್ ಹೋಗುವುದೇ? ಹಿತ್ತಲ ಬಾಗಿಲೇ? ಟೆರೇಸ್ ಮೆಟ್ಟಿಲೇ? 30-40 ಸೈಟಿನ ಸಾಮಾನ್ಯ ಮನೆಗೆ ಗೇಟು ಮತ್ತು ಗಾಡಿ ನಿಲ್ಲಿಸುವ ಜಾಗಕ್ಕೆ ಒಂದು, ಮುಂಬಾಗಿಲಿಗೆ ಒಂದು, ಹಿಂದಿನ ಬಾಗಿಲಿಗೋ ಟೆರೇಸ್ ಮೆಟ್ಟಿಲಿಗೋ ಒಂದು. ಮೂರು ಸಾಕು ಅನ್ನುವುದು ನನ್ನ ಅಭಿಪ್ರಾಯ.

ಆಮೇಲೆ ಏಣಿ ಹಾಕಿ, ಕ್ಯಾಮೆರಾ ಬರುವ ಜಾಗದಲ್ಲಿ ಫೋನ್ ಹಿಡಿದು ಫೋಟೋ ತೆಗೆಯಿರಿ. ಫೋಟೋದಲ್ಲಿ ಪಕ್ಕದವರ ಕಿಟಕಿ, ಬಟ್ಟೆ ಒಣಹಾಕುವ ತಂತಿ, ಬಚ್ಚಲಿನ ವೆಂಟಿಲೇಟರ್, ಮಕ್ಕಳು ಆಡುವ ಜಾಗ ಇದೆಯಾ ನೋಡಿ. ಇದ್ದರೆ ಜಾಗ ಬದಲಿಸಿ. ಗೋಡೆಗೆ ತೂತು ಕೊರೆದ ಮೇಲೆ ಬದಲಿಸಲು ಯಾರಿಗೂ ಮನಸ್ಸು ಬರುವುದಿಲ್ಲ.

ಹೆಜ್ಜೆ 2: ಲೆನ್ಸ್, ಎತ್ತರ, ಕೋನ

ಅಂಗಡಿಯವರು ಸಾಮಾನ್ಯವಾಗಿ ಕೊಡುವುದು 2.8 ಎಂಎಂ ಲೆನ್ಸ್. ಅದು ಅಗಲಕ್ಕೆ ಹೆಚ್ಚುಕಡಿಮೆ 100 ಡಿಗ್ರಿ ನೋಡುತ್ತದೆ. 20 ಅಡಿ ರಸ್ತೆಯಲ್ಲಿ ಅದನ್ನು ನೇರ ಹೊರಗೆ ತಿರುಗಿಸಿದರೆ ಎದುರಿನ ಮನೆ ಪೂರ್ತಿ, ಅದರ ಎಡಬಲದ ಮನೆಗಳೂ ಸಿಗುತ್ತವೆ. 6 ಎಂಎಂ ಆದರೆ ಸುಮಾರು 50 ಡಿಗ್ರಿ. ಗೇಟು ಮಾತ್ರ ಕಾಣಬೇಕು ಅನ್ನುವವರಿಗೆ ಇದು ಒಳ್ಳೆಯದು. ಮುಖವೂ ದೊಡ್ಡದಾಗಿ ಕಾಣುತ್ತದೆ. ಲೆನ್ಸ್ ಎಷ್ಟು ಎಂಎಂ ಅಂತ ಕೇಳಿಯೇ ತನ್ನಿ.

ಎತ್ತರ 8ರಿಂದ 9 ಅಡಿ ಇರಲಿ. ಅದಕ್ಕಿಂತ ಮೇಲೆ ಹೋದರೆ ತಲೆ ಕಾಣುತ್ತದೆ, ಮುಖ ಕಾಣುವುದಿಲ್ಲ. ಮೊದಲ ಮಹಡಿಯ ಸಜ್ಜಾಕ್ಕೆ ಹಾಕಿಸಿದ ಕ್ಯಾಮೆರಾ ಅಕ್ಕಪಕ್ಕದ ಕಾಂಪೌಂಡಿನ ಒಳಗೆಲ್ಲ ಇಣುಕುತ್ತದೆ, ಕಳ್ಳನ ಮುಖವನ್ನು ಮಾತ್ರ ಹಿಡಿಯುವುದಿಲ್ಲ.

ಇನ್ನು ಕೋನ. ಮನೆ ಗೋಡೆಯಿಂದ ರಸ್ತೆಯ ಕಡೆಗೆ ನೇರವಾಗಿ ನೋಡುವ ಬದಲು, ಕಾಂಪೌಂಡಿಗೆ ಉದ್ದುದ್ದ ನೋಡುವ ಹಾಗೆ ಪಕ್ಕದಿಂದ ಇಡಬಹುದು. ಇಲ್ಲವೇ ಗೇಟಿನ ಕಂಬದಿಂದ ನಮ್ಮ ಮನೆಯ ಕಡೆಗೇ ತಿರುಗಿಸಬಹುದು. ಒಳಗೆ ಬಂದವನು ಹೊರಗೆ ಹೋಗಲೇಬೇಕು, ಹೋಗುವಾಗ ಮುಖ ಸಿಗುತ್ತದೆ. ಯಾವ ಕಡೆ ಇಟ್ಟರೂ ತಲೆ ಕೆಳಗೆ ಬಾಗಿರಲಿ. ಚಿತ್ರದ ಮೇಲಿನ ಅಂಚು ರಸ್ತೆ ನಡುವಿಗೆ ಮುಗಿದರೆ ಎದುರಿನವರ ಮನೆ ತಾನಾಗಿ ಹೊರಗುಳಿಯುತ್ತದೆ.

ತಿರುಗುವ ಕ್ಯಾಮೆರಾ ಮನೆಯ ಹೊರಗೆ ಬೇಡ. ಅದು ಈಗ ಯಾವ ಕಡೆ ನೋಡುತ್ತಿದೆ ಅಂತ ಪಕ್ಕದವರಿಗೆ ಗೊತ್ತಾಗುವುದೇ ಇಲ್ಲ. ನೀವು ಎಷ್ಟೇ ಒಳ್ಳೆಯವರಾದರೂ ಅವರಿಗೆ ನೆಮ್ಮದಿ ಇರುವುದಿಲ್ಲ.

ಹೆಜ್ಜೆ 3: ಉಳಿದಿದ್ದನ್ನು ಮುಚ್ಚಿ, ಆಮೇಲೆ ತೋರಿಸಿ

ಎಷ್ಟೇ ತಿರುಗಿಸಿದರೂ ನಮ್ಮ ಊರುಗಳ ಗಲ್ಲಿಗಳಲ್ಲಿ ಪಕ್ಕದವರ ಮನೆಯ ಒಂದು ಮೂಲೆ ಕಂಡೇ ಕಾಣುತ್ತದೆ. ಅದಕ್ಕೆ ಡಿವಿಆರ್‌ನಲ್ಲೋ (ಕ್ಯಾಮೆರಾಗಳ ಚಿತ್ರ ರೆಕಾರ್ಡ್ ಮಾಡುವ ಪೆಟ್ಟಿಗೆ) ಆ್ಯಪ್‌ನಲ್ಲೋ 'ಪ್ರೈವಸಿ ಮಾಸ್ಕ್' ಅಂತ ಒಂದು ಸೆಟ್ಟಿಂಗ್ ಇರುತ್ತದೆ. ಬೆರಳಲ್ಲಿ ಒಂದು ಚೌಕ ಎಳೆದರೆ ಆ ಭಾಗ ಕಪ್ಪಾಗುತ್ತದೆ. ಅದು ಲೈವ್‌ನಲ್ಲೂ ಕಾಣುವುದಿಲ್ಲ, ರೆಕಾರ್ಡ್ ಕೂಡ ಆಗುವುದಿಲ್ಲ.

ಇದನ್ನು 'ಮೋಷನ್ ಝೋನ್' ಜೊತೆ ಗೊಂದಲ ಮಾಡಿಕೊಳ್ಳಬೇಡಿ. ಝೋನ್ ಹೇಳುವುದು ಯಾವ ಜಾಗದಲ್ಲಿ ಅಲುಗಾಡಿದರೆ ನಿಮಗೆ ನೋಟಿಫಿಕೇಶನ್ ಬರಬೇಕು ಅಂತ ಮಾತ್ರ. ಝೋನ್ ಹೊರಗಿನದ್ದೂ ರೆಕಾರ್ಡ್ ಆಗುತ್ತಲೇ ಇರುತ್ತದೆ. "ನಿಮ್ಮ ಮನೆ ಕಡೆ ಆಫ್ ಮಾಡಿದ್ದೀನಿ" ಅಂತ ಎಷ್ಟೋ ಜನ ನಂಬಿಕೆಯಿಂದ ಹೇಳುತ್ತಾರೆ. ಅವರು ಆಫ್ ಮಾಡಿರುವುದು ನೋಟಿಫಿಕೇಶನ್ ಮಾತ್ರ.

ಮಾಸ್ಕ್ ಹಾಕಿದ ಮೇಲೆ ಹಗಲಲ್ಲೂ ರಾತ್ರಿಯಲ್ಲೂ ಒಮ್ಮೆ ನೋಡಿ. ರಾತ್ರಿ ಹೊತ್ತು ಎದುರು ಮನೆಯಲ್ಲಿ ಲೈಟ್ ಹಾಕಿದಾಗ, ಹಗಲಲ್ಲಿ ಕಪ್ಪಾಗಿ ಕಾಣುತ್ತಿದ್ದ ಕಿಟಕಿಯ ಒಳಗೆಲ್ಲ ಕಾಣಲು ಶುರುವಾಗುತ್ತದೆ.

ಇದೆಲ್ಲ ಆದ ಮೇಲೆ ಫೋನ್ ಹಿಡಿದು ಪಕ್ಕದ ಮನೆಗೆ ಹೋಗಿ. ಈ ಹೆಜ್ಜೆಯನ್ನು ಮಾತ್ರ ಬಿಡಬೇಡಿ. "ನೋಡಿ ಆಂಟಿ, ಇಷ್ಟೇ ಕಾಣೋದು" ಅಂತ ಲೈವ್ ಚಿತ್ರ ತೋರಿಸಿ. ನಾನೂ ಹಾಗೇ ಹೋದೆ. ಆಂಟಿ ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದರು. ಅಂಕಲ್‌ನನ್ನು ಹೊರಗೆ ನಿಲ್ಲಿಸಿ ಅವರು ಕಾಣುತ್ತಾರಾ ಅಂತ ಪರೀಕ್ಷೆ ಮಾಡಿದರು. ಕೊನೆಗೆ ಹೇಳಿದರು: "ಬಾಗಿಲು ಕಾಣಲ್ಲ, ಸರಿ. ನಮ್ಮ ಸ್ಕೂಟರ್ ರಸ್ತೇಲೇ ನಿಲ್ಲತ್ತಲ್ಲಪ್ಪಾ, ಅದು ಕಾಣೋ ಹಾಗೆ ಸ್ವಲ್ಪ ತಿರುಗಿಸ್ತೀಯಾ?" ಸ್ಕೂಟರ್ ಈಗ ಚಿತ್ರದಲ್ಲಿದೆ. ಅವರೇ ಕೇಳಿ ಇಡಿಸಿದ್ದು.

ಹೆಜ್ಜೆ 4: ಮೈಕ್ ಆಫ್

ವೈಫೈ ಕ್ಯಾಮೆರಾಗಳಲ್ಲಿ ಸಾಮಾನ್ಯವಾಗಿ ಮೈಕ್ ಇರುತ್ತದೆ. ಎಷ್ಟೋ ಸಲ ಪೆಟ್ಟಿಗೆ ತೆಗೆದಾಗಲೇ ಅದು ಆನ್ ಆಗಿರುತ್ತದೆ. ಗೇಟಿನ ಮುಂದೆ ನಿಂತು ಇಬ್ಬರು ತಮ್ಮ ಮನೆಯ ಕಷ್ಟ ಮಾತಾಡಿಕೊಂಡರೆ ಅದು ನಮ್ಮ ಮೆಮೊರಿ ಕಾರ್ಡಿನಲ್ಲಿ ಉಳಿಯುತ್ತದೆ. ಕಳ್ಳನನ್ನು ಹಿಡಿಯಲು ಧ್ವನಿ ಬೇಕಾಗುವುದು ತೀರಾ ಅಪರೂಪ. ಹೊರಗಿನ ಕ್ಯಾಮೆರಾಗಳ ಆಡಿಯೋ ರೆಕಾರ್ಡಿಂಗ್ ಆಫ್ ಮಾಡಿಬಿಡಿ.

ಹೆಜ್ಜೆ 5: ಮನೆಯ ಒಳಗೆ

ಬಚ್ಚಲು, ಮಲಗುವ ಕೋಣೆ, ಬಟ್ಟೆ ಬದಲಿಸುವ ಜಾಗ. ಇಲ್ಲಿ ಯಾವ ಕಾರಣಕ್ಕೂ ಕ್ಯಾಮೆರಾ ಬೇಡ. ಇದು ಬರೀ ಸಭ್ಯತೆಯ ಮಾತಲ್ಲ. ಯಾರೂ ನೋಡುವುದಿಲ್ಲ ಎಂದು ಹೆಣ್ಣುಮಗಳೊಬ್ಬಳು ನಂಬಿರುವ ಖಾಸಗಿ ಹೊತ್ತಿನಲ್ಲಿ ಯಾರೇ ಆಗಲಿ ಅವಳನ್ನು ಕದ್ದು ನೋಡುವುದು, ಚಿತ್ರ ತೆಗೆಯುವುದು ಭಾರತೀಯ ನ್ಯಾಯ ಸಂಹಿತೆಯ 77ನೇ ಸೆಕ್ಷನ್ ಪ್ರಕಾರ ಅಪರಾಧ. ಮೊದಲ ಸಲಕ್ಕೇ ಕನಿಷ್ಠ 1 ವರ್ಷ, ಗರಿಷ್ಠ 3 ವರ್ಷ ಜೈಲು ಮತ್ತು ದಂಡ. ಐಟಿ ಕಾಯ್ದೆಯ 66ಇ ಸೆಕ್ಷನ್ ಇನ್ನೊಂದಿದೆ. ಒಪ್ಪಿಗೆ ಇಲ್ಲದೆ ಯಾರದೇ ಖಾಸಗಿ ಅಂಗದ ಚಿತ್ರ ತೆಗೆದರೆ 3 ವರ್ಷದವರೆಗೆ ಜೈಲು, ಇಲ್ಲವೇ 2 ಲಕ್ಷ ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ.

ಹಾಲ್‌ನಲ್ಲಿ ಹಾಕುವುದಾದರೆ ಮನೆಯ ಎಲ್ಲರಿಗೂ ಗೊತ್ತಿರಬೇಕು, ಎಲ್ಲರೂ ಒಪ್ಪಿರಬೇಕು. ಒಂದೇ ಮನೆಯಲ್ಲಿದ್ದ ಅಣ್ಣತಮ್ಮಂದಿರ ಜಗಳವೊಂದು ಕಲ್ಕತ್ತಾ ಹೈಕೋರ್ಟಿಗೆ ಹೋಗಿತ್ತು. ಜೊತೆಗೆ ವಾಸಿಸುವವರ ಒಪ್ಪಿಗೆ ಇಲ್ಲದೆ ವಾಸದ ಭಾಗದಲ್ಲಿ ಕ್ಯಾಮೆರಾ ಇಡುವುದು ಅವರ ಖಾಸಗಿತನದ ಹಕ್ಕಿಗೆ ಧಕ್ಕೆ ಅಂತ ಕೋರ್ಟ್ 2025ರಲ್ಲಿ ಹೇಳಿತು. ಅದೇ ವರ್ಷ ಸುಪ್ರೀಂ ಕೋರ್ಟ್ ಕೂಡ ಆ ತೀರ್ಪನ್ನು ಬದಲಿಸಲು ಒಪ್ಪಲಿಲ್ಲ. ಮನೆ ನನ್ನದು, ಗೋಡೆ ನನ್ನದು ಅನ್ನುವ ಮಾತು ಎಲ್ಲ ಕಡೆ ನಡೆಯುವುದಿಲ್ಲ.

ನನ್ನನ್ನು ಜಾಸ್ತಿ ಕಾಡುವುದು ಊರಲ್ಲಿರುವ ಅಪ್ಪ ಅಮ್ಮನ ವಿಷಯ. ಮಕ್ಕಳು ಬೆಂಗಳೂರಲ್ಲೋ ಅಮೆರಿಕದಲ್ಲೋ ಇರುತ್ತಾರೆ. ವಯಸ್ಸಾದವರು ಇಬ್ಬರೇ. ಬಿದ್ದರೆ ನೋಡುವವರಿಲ್ಲ ಅನ್ನುವ ಹೆದರಿಕೆ ಸುಳ್ಳಲ್ಲ. ರಜೆಗೆ ಬಂದಾಗ ಹಾಲ್‌ಗೆ ಒಂದು, ಅಡುಗೆ ಮನೆಗೆ ಒಂದು ಕ್ಯಾಮೆರಾ ಹಾಕಿ ಹೋಗುತ್ತಾರೆ. ಆಮೇಲೆ ಫೋನ್ ಬರುತ್ತದೆ: "ಅಮ್ಮಾ, ಮಾತ್ರೆ ತಗೊಂಡ್ಯಾ? ಯಾಕೆ ಇನ್ನೂ ಊಟ ಮಾಡಿಲ್ಲ? ಪಕ್ಕದ ಮನೆಯವರು ಅಷ್ಟು ಹೊತ್ತು ಯಾಕೆ ಕೂತಿದ್ರು?"

ನಮ್ಮ ದೊಡ್ಡಮ್ಮನ ಮನೆಯಲ್ಲಿ ಹೀಗೇ ಆಯಿತು. ಮೂರು ತಿಂಗಳ ಮೇಲೆ ನಾನು ಹೋದಾಗ ಹಾಲ್ ಕ್ಯಾಮೆರಾಕ್ಕೆ ದೊಡ್ಡಪ್ಪನ ಮಂಕಿ ಟೋಪಿ ಹಾಕಿಟ್ಟಿದ್ದರು. "ಹಾಲಲ್ಲಿ ಕಾಲು ಚಾಚಿ ಕೂರೋಕೂ ಆಗಲ್ಲ ಕಣೋ. ಯಾರಾದ್ರೂ ಬಂದ್ರೆ ಅವರೂ ಮಾತಾಡೋದು ಬಿಟ್ಟು ಮೇಲೇ ನೋಡ್ತಾರೆ" ಅಂದರು. ಮಗನಿಗೆ ಹೇಳಲು ಅವರಿಗೆ ಮನಸ್ಸಿಲ್ಲ. ಪ್ರೀತಿಯಿಂದ ಹಾಕಿದ್ದಲ್ವಾ? ಕೊನೆಗೆ ನಾನೇ ಅಣ್ಣನ ಜೊತೆ ಮಾತಾಡಿದೆ. ಒಳಗಿನ ಎರಡೂ ಕ್ಯಾಮೆರಾ ತೆಗೆದು, ಮುಂಬಾಗಿಲಿಗೆ ಒಂದು ಮತ್ತು ಹಾಲ್‌ನಿಂದ ಹಿತ್ತಲಿಗೆ ಹೋಗುವ ದಾರಿಗೆ ಒಂದು ಇಟ್ಟೆವು. ದಾರಿಯ ಕ್ಯಾಮೆರಾದ ಪ್ಲಗ್ ದೊಡ್ಡಮ್ಮನ ಕೈಗೆ ಸಿಗುವ ಸ್ವಿಚ್ಚಿಗೆ ಹಾಕಿದೆವು. ನೆಂಟರು ಬಂದಾಗ, ಬೇಸರವಾದಾಗ ಅವರೇ ಆರಿಸುತ್ತಾರೆ. ಒಂದು ಮಾತೂ ಆಯಿತು: ಮೊದಲು ಫೋನ್. ಎರಡು ಸಲ ಮಾಡಿದರೂ ಎತ್ತದಿದ್ದರೆ ಮಾತ್ರ ಕ್ಯಾಮೆರಾ. ಮಾತ್ರೆಯ ಲೆಕ್ಕಕ್ಕೆ ವಾರದ ಏಳು ಗೂಡಿನ ಡಬ್ಬಿ ಬಂತು. ನೀವೂ ಹಾಕಿಸುವುದಾದರೆ ಮೊದಲು ಅವರನ್ನು ಕೇಳಿ. ಬೇಡ ಅಂದರೆ ಬೇಡ.

ಮನೆ ಕೆಲಸಕ್ಕೆ ಬರುವವರ ವಿಷಯವೂ ಇದೇ. ಕೆಲಸಕ್ಕೆ ಸೇರುವ ದಿನವೇ "ಅಕ್ಕಾ, ಇಲ್ಲಿ ಕ್ಯಾಮೆರಾ ಇದೆ, ಇಷ್ಟು ಜಾಗ ಕಾಣುತ್ತೆ" ಅಂತ ತೋರಿಸಿ ಹೇಳಿ. ಅವರು ಊಟ ಮಾಡುವ, ಸೀರೆ ಸರಿ ಮಾಡಿಕೊಳ್ಳುವ, ಹತ್ತು ನಿಮಿಷ ಕೂರುವ ಒಂದು ಜಾಗ ಕ್ಯಾಮೆರಾ ಕಣ್ಣಿಗೆ ಬೀಳದ ಹಾಗಿರಲಿ. ಅವರ ವಿಡಿಯೋ ತುಣುಕನ್ನು ಅಪಾರ್ಟ್‌ಮೆಂಟ್ ಗ್ರೂಪಿಗೆ ಹಾಕುವುದನ್ನು ನಾನು ಕಂಡಿದ್ದೇನೆ. ಏನೂ ಸಾಬೀತಾಗುವ ಮೊದಲೇ ನಾಲ್ಕು ಮನೆಯ ಕೆಲಸ ಹೋಗುತ್ತದೆ. ಮಗುವನ್ನು ನೋಡಿಕೊಳ್ಳುವವರ ಮೇಲೆ ಕದ್ದು ಇಡುವ ಕ್ಯಾಮೆರಾ ಬೇಡ. ಕಾಣುವ ಹಾಗೆ ಇಟ್ಟು, ತಿಳಿಸಿಯೇ ಇಡಿ.

ಬಾಡಿಗೆ ಮನೆ ಓನರ್ ಆಗಿದ್ದರೆ ಗೇಟು, ಮೆಟ್ಟಿಲು, ಪಾರ್ಕಿಂಗ್ ಜಾಗಕ್ಕೆ ಹಾಕಿ. ಬಾಡಿಗೆದಾರರ ಬಾಗಿಲು ತೆರೆದಾಗ ಒಳಗೆ ಕಾಣುವಂತೆ ಇಡಬೇಡಿ. ಎಲ್ಲೆಲ್ಲಿ ಕ್ಯಾಮೆರಾ ಇದೆ, ಎಷ್ಟು ದಿನ ಇಡುತ್ತೀರಿ, ಯಾರು ನೋಡುತ್ತೀರಿ ಅಂತ ಕರಾರು ಪತ್ರದಲ್ಲೇ ಬರೆಯಿರಿ. ಅವರ ಮನೆಗೆ ಯಾರು ಬಂದರು, ಎಷ್ಟು ಹೊತ್ತಿಗೆ ಹೋದರು ಎಂದು ಕೇಳಲು ಆ ಚಿತ್ರ ಅಲ್ಲ.

ಪಿಜಿಗೋ ಹೊಸ ಬಾಡಿಗೆ ಕೋಣೆಗೋ ಹೋಗುವವರು ಒಂದು ಪರೀಕ್ಷೆ ಮಾಡಿಕೊಳ್ಳಬಹುದು. ಲೈಟ್ ಆರಿಸಿ, ಫೋನಿನ ಸೆಲ್ಫಿ ಕ್ಯಾಮೆರಾದಲ್ಲಿ ಕೋಣೆ ನೋಡಿ. ರಾತ್ರಿ ನೋಡುವ ಕ್ಯಾಮೆರಾಗಳ ಇನ್‌ಫ್ರಾರೆಡ್ ಬೆಳಕು ನಮ್ಮ ಕಣ್ಣಿಗೆ ಕಾಣದಿದ್ದರೂ ಹಲವು ಫೋನುಗಳಲ್ಲಿ ಬಿಳಿ ಅಥವಾ ನೇರಳೆ ಚುಕ್ಕಿಯಾಗಿ ಕಾಣುತ್ತದೆ. ಎಲ್ಲ ಕ್ಯಾಮೆರಾದಲ್ಲೂ ಈ ಬೆಳಕು ಇರುವುದಿಲ್ಲ. ಅದಕ್ಕೆ ಟಾರ್ಚ್ ಬಿಟ್ಟು ಗಡಿಯಾರ, ಚಾರ್ಜರ್, ಹೊಗೆ ಪತ್ತೆ ಮಾಡುವ ಡಬ್ಬಿ, ಕನ್ನಡಿಯ ಅಂಚುಗಳಲ್ಲಿ ಲೆನ್ಸ್ ಮಿನುಗುತ್ತದಾ ನೋಡಿ. ಸಿಕ್ಕರೆ ಕೀಳಬೇಡಿ. ಇದ್ದ ಹಾಗೆಯೇ ಫೋಟೋ ತೆಗೆದು, ಕೋಣೆಯಿಂದ ಹೊರಗೆ ಬಂದು 112ಕ್ಕೆ ಫೋನ್ ಮಾಡಿ.

ಹೆಜ್ಜೆ 6: ನಿಮ್ಮ ಕ್ಯಾಮೆರಾ ಬೇರೆಯವರ ಕೈಗೆ ಹೋಗದಿರಲಿ

2016ರಲ್ಲಿ 'ಮಿರಾಯ್' ಎಂಬ ಕುತಂತ್ರಾಂಶ ಜಗತ್ತಿನ ಲಕ್ಷಾಂತರ ಕ್ಯಾಮೆರಾ, ಡಿವಿಆರ್, ರೌಟರ್‌ಗಳ ಒಳಗೆ ನುಗ್ಗಿತ್ತು. ಅದಕ್ಕೆ ದೊಡ್ಡ ಜಾಣತನವೇನೂ ಬೇಕಾಗಿರಲಿಲ್ಲ. ಕಂಪನಿಯವರು ಮೊದಲೇ ಇಟ್ಟು ಕೊಡುವ ಪಾಸ್‌ವರ್ಡ್‌ಗಳ ಒಂದು ಪಟ್ಟಿ ಇತ್ತು, ಒಂದೊಂದಾಗಿ ಹಾಕಿ ನೋಡುತ್ತಿತ್ತು. ಮಾಲೀಕರು ಬದಲಿಸಿರಲಿಲ್ಲ, ಬಾಗಿಲು ತೆರೆಯಿತು. ಆ ಕಾರಣಕ್ಕೆ ಮೊದಲ ಕೆಲಸ ಪಾಸ್‌ವರ್ಡ್ ಬದಲಿಸುವುದು. ಎರಡು ಹಂತದ ಲಾಗಿನ್ ಇದ್ದರೆ ಆನ್ ಮಾಡಿ. ಅಪ್‌ಡೇಟ್ ಬಂದಾಗ ಹಾಕಿಕೊಳ್ಳಿ. ರೌಟರ್‌ನಲ್ಲಿ ಗೆಸ್ಟ್ ವೈಫೈ ಇದ್ದರೆ ಕ್ಯಾಮೆರಾಗಳನ್ನು ಅದರಲ್ಲಿಡಿ. ಆಗ ಕ್ಯಾಮೆರಾದೊಳಗೆ ನುಗ್ಗಿದವನಿಗೆ ಮನೆಯ ಲ್ಯಾಪ್‌ಟಾಪ್ ಸುಲಭಕ್ಕೆ ಸಿಗುವುದಿಲ್ಲ.

ಎಲ್ಲರೂ ಮರೆಯುವ ಒಂದು ವಿಷಯ ಇದೆ. ಹಾಕಲು ಬಂದ ಹುಡುಗ ಬೇಗ ಮುಗಿಸಲೆಂದು ತನ್ನದೇ ಫೋನಿನಲ್ಲಿ ಕ್ಯೂಆರ್ ಕೋಡ್ ಸ್ಕ್ಯಾನ್ ಮಾಡಿ, ಆಮೇಲೆ ನಿಮಗೆ 'ಶೇರ್' ಮಾಡಿ ಹೋಗುತ್ತಾನೆ. ಅಂದರೆ ಕ್ಯಾಮೆರಾದ ಮಾಲೀಕ ಅವನು, ನೀವು ನೋಡುವವರು ಮಾತ್ರ. ಅವನಿಗೆ ಕೆಟ್ಟ ಉದ್ದೇಶ ಇಲ್ಲದಿರಬಹುದು. ಆದರೂ ನಿಮ್ಮ ಇಮೇಲ್, ನಿಮ್ಮ ಫೋನಿನಲ್ಲೇ ನೋಂದಣಿ ಮಾಡಿಸಿ. ಅವನು ಹೋದ ಕೂಡಲೇ ಪಾಸ್‌ವರ್ಡ್ ಬದಲಿಸಿ, ಶೇರ್ ಪಟ್ಟಿಯಲ್ಲಿ ಯಾರ್ಯಾರಿದ್ದಾರೆ ನೋಡಿ. ಮನೆಯವರಿಗೂ ಒಂದೇ ಪಾಸ್‌ವರ್ಡ್ ಹಂಚುವ ಬದಲು ಬೇರೆ ಬೇರೆ ಲಾಗಿನ್ ಕೊಡಿ. ಹಳೆಯ ಫೋನ್ ಮಾರುವ ಮೊದಲು ಆ್ಯಪ್‌ನಿಂದ ಲಾಗ್‌ಔಟ್ ಆಗಿ.

ಕೊಳ್ಳುವಾಗ ಎಸ್‌ಟಿಕ್ಯೂಸಿ (ಕೇಂದ್ರ ಸರ್ಕಾರದ ಗುಣಮಟ್ಟ ಪರೀಕ್ಷಾ ಸಂಸ್ಥೆ) ಪ್ರಮಾಣಪತ್ರ ಇದೆಯಾ ಕೇಳಿ. ಸಿಸಿ ಕ್ಯಾಮೆರಾಗಳು ಸುರಕ್ಷತಾ ಪರೀಕ್ಷೆ ಪಾಸಾಗಿರಬೇಕು ಎಂಬ ಕೇಂದ್ರ ಸರ್ಕಾರದ ನಿಯಮ 2025ರ ಏಪ್ರಿಲ್‌ನಿಂದ ಜಾರಿಯಲ್ಲಿದೆ.

ಹೆಜ್ಜೆ 7: ಎಷ್ಟು ದಿನ ಇಟ್ಟುಕೊಳ್ಳಬೇಕು?

ಲೆಕ್ಕ ಸುಲಭ. ಒಂದು ಕ್ಯಾಮೆರಾ ಸೆಕೆಂಡಿಗೆ 2 ಮೆಗಾಬಿಟ್‌ನಂತೆ ದಿನವಿಡೀ ರೆಕಾರ್ಡ್ ಮಾಡಿದರೆ ದಿನಕ್ಕೆ ಸುಮಾರು 21.6 ಜಿಬಿ. ಮೂರು ಕ್ಯಾಮೆರಾಕ್ಕೆ 65 ಜಿಬಿ. 1 ಟಿಬಿ ಹಾರ್ಡ್ ಡಿಸ್ಕಿನಲ್ಲಿ ಹೆಚ್ಚುಕಡಿಮೆ 15 ದಿನ ಉಳಿಯುತ್ತದೆ. ಆಮೇಲೆ ಹಳೆಯದರ ಮೇಲೆ ಹೊಸದು ಬರುತ್ತದೆ. ಮನೆಗೆ ಅಷ್ಟು ಸಾಕು. ಊರಿಗೆ ಹೋದರೂ ಹದಿನೈದು ದಿನದಲ್ಲಿ ಬರುತ್ತೇವಲ್ಲ. ಡಿವಿಆರ್ ಜೊತೆ ವೈಫೈ ರೌಟರ್ ಅನ್ನೂ ಯುಪಿಎಸ್‌ಗೆ ಹಾಕಿಸಿ. ಕರೆಂಟ್ ಹೋದ ರಾತ್ರಿಯೇ ಕ್ಯಾಮೆರಾ ಬೇಕಾಗುವುದು.

ಗೇಟಿಗೆ ಕನ್ನಡದಲ್ಲಿ ಒಂದು ಚಿಕ್ಕ ಬೋರ್ಡ್ ಹಾಕಿ: 'ಇಲ್ಲಿ ಸಿಸಿ ಕ್ಯಾಮೆರಾ ಇದೆ.' ಬರುವವರಿಗೆ ತಿಳಿಯಲಿ.

ಹೆಜ್ಜೆ 8: ಏನಾದರೂ ನಡೆದರೆ

ಮೊದಲು ಆ ಹೊತ್ತಿನ ರೆಕಾರ್ಡಿಂಗ್ ಅಳಿಸಿಹೋಗದಂತೆ ಪೆನ್‌ಡ್ರೈವ್‌ಗೆ ಪ್ರತಿ ಮಾಡಿ. ಕತ್ತರಿಸಬೇಡಿ, ಹಾಡು ಸೇರಿಸಬೇಡಿ, ಗುಂಡು ಗೆರೆ ಹಾಕಬೇಡಿ. ಡಿವಿಆರ್ ಗಡಿಯಾರ ಎಷ್ಟು ನಿಮಿಷ ಹಿಂದೆ ಮುಂದೆ ಇದೆ ಅಂತ ಬರೆದಿಡಿ. ದೂರು ಕೊಟ್ಟು ಪೊಲೀಸರಿಗೆ ಒಪ್ಪಿಸಿ. ಕೋರ್ಟಿನಲ್ಲಿ ಅದು ಸಾಕ್ಷಿಯಾಗಿ ನಿಲ್ಲಲು ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ನಿನ ಪ್ರಮಾಣಪತ್ರ ಬೇಕಾಗುತ್ತದೆ. ಅದಕ್ಕೇ ಮೂಲ ಹಾರ್ಡ್ ಡಿಸ್ಕನ್ನೂ ಜೋಪಾನ ಮಾಡಿ.

ವಾಟ್ಸಾಪ್‌ಗೆ ಹಾಕಬೇಡಿ. ಇದನ್ನು ಕೈಮುಗಿದು ಹೇಳುತ್ತೇನೆ. 2018ರಲ್ಲಿ ಮಕ್ಕಳ ಕಳ್ಳರು ಬಂದಿದ್ದಾರೆ ಎಂಬ ಸುದ್ದಿ ಹಬ್ಬಿದಾಗ, ಜೊತೆಗೆ ಸಿಸಿ ಕ್ಯಾಮೆರಾದಂತೆ ಕಾಣುವ ಒಂದು ವಿಡಿಯೋ ಓಡಾಡುತ್ತಿತ್ತು. ಬೈಕಿನವರು ಮಗುವನ್ನು ಎತ್ತಿಕೊಂಡು ಹೋಗುತ್ತಾರೆ. ನಿಜಕ್ಕೂ ಅದು ಪಾಕಿಸ್ತಾನದ ಕರಾಚಿಯಲ್ಲಿ ಮಕ್ಕಳ ಸುರಕ್ಷತೆಗಾಗಿ ಮಾಡಿದ ಜಾಗೃತಿ ವಿಡಿಯೋ. ಮಗುವನ್ನು ಮರಳಿ ಬಿಡುವ ಕೊನೆಯ ಭಾಗವನ್ನು ಯಾರೋ ಕತ್ತರಿಸಿದ್ದರು. ಆ ವದಂತಿಗಳ ಕಾಲದಲ್ಲೇ, ಆ ವರ್ಷದ ಜುಲೈನಲ್ಲಿ ಬೀದರ್ ಜಿಲ್ಲೆಯ ಮುರ್ಕಿಯಲ್ಲಿ ಜನ ಸೇರಿ ಹೈದರಾಬಾದಿನಿಂದ ಬಂದಿದ್ದ ಯುವಕನೊಬ್ಬನನ್ನು ಮಕ್ಕಳ ಕಳ್ಳ ಎಂದು ಹೊಡೆದು ಕೊಂದರು. ನಮ್ಮ ಗೇಟಿನ ಮುಂದೆ ವಿಳಾಸ ಹುಡುಕುತ್ತಾ ಎರಡು ಸಲ ಓಡಾಡಿದವನ ಮುಖವನ್ನು 'ಹುಷಾರು' ಅಂತ ಬರೆದು ಗ್ರೂಪಿಗೆ ಹಾಕಿದರೆ, ಅದು ಎಲ್ಲಿಗೆ ಹೋಗಿ ನಿಲ್ಲುತ್ತದೆ ಅನ್ನುವುದು ನಮ್ಮ ಕೈಯಲ್ಲಿ ಇರುವುದಿಲ್ಲ.

ಪಕ್ಕದವರ ಕ್ಯಾಮೆರಾ ನಿಮ್ಮ ಮನೆ ನೋಡುತ್ತಿದ್ದರೆ

ಮೊದಲು ಮಾತಾಡಿ. ಜಗಳದ ದನಿ ಬೇಡ. "ನಿಮ್ಮ ಕ್ಯಾಮೆರಾದಲ್ಲಿ ನಮ್ಮ ಬಚ್ಚಲ ಕಿಟಕಿ ಬರುತ್ತಾ, ಒಂದ್ಸಲ ತೋರಿಸ್ತೀರಾ?" ಅಂತ ಕೇಳಿ. ಮಾಸ್ಕ್ ಹಾಕುವುದು ಎರಡು ನಿಮಿಷದ ಕೆಲಸ ಅಂತ ನೀವೇ ತೋರಿಸಿಕೊಡಿ. ಒಪ್ಪದಿದ್ದರೆ ಫೋಟೋ ತೆಗೆದು, ದಿನಾಂಕ ಹಾಕಿ, ಬರಹದಲ್ಲಿ ಕೇಳಿ. ಅಪಾರ್ಟ್‌ಮೆಂಟ್ ಆದರೆ ಅಸೋಸಿಯೇಶನ್‌ಗೂ ಪ್ರತಿ ಕೊಡಿ. ಅದೂ ಆಗದಿದ್ದರೆ ಪೊಲೀಸ್ ಠಾಣೆ, ಇಲ್ಲವೇ ಸಿವಿಲ್ ಕೋರ್ಟಿನಿಂದ ತಡೆಯಾಜ್ಞೆ.

2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಕಾಯ್ದೆ, ಒಬ್ಬ ವ್ಯಕ್ತಿ ತನ್ನ ಮನೆಬಳಕೆಗೆ ಇಟ್ಟುಕೊಂಡ ದತ್ತಾಂಶಕ್ಕೆ ಅನ್ವಯಿಸುವುದಿಲ್ಲ. ಹಾಗಂತ ದಾರಿ ಇಲ್ಲ ಅಂದುಕೊಳ್ಳಬೇಡಿ. ಖಾಸಗಿತನ ಮೂಲಭೂತ ಹಕ್ಕು ಅಂತ ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳು 2017ರ ಆಗಸ್ಟ್ 24ರಂದು ಒಮ್ಮತದಿಂದ ಹೇಳಿದ್ದಾರೆ. ಆ ಮೊಕದ್ದಮೆ ಹೂಡಿದವರು ನಮ್ಮವರೇ, ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ. ಆಧಾರ್ ಯೋಜನೆಯನ್ನು ಪ್ರಶ್ನಿಸಿ ಅವರು 2012ರಲ್ಲಿ ಕೋರ್ಟಿಗೆ ಹೋದಾಗ ಅವರಿಗೆ 86 ವರ್ಷ.

ಆರು ತಿಂಗಳಿಗೊಮ್ಮೆ

ಒಂದು ಭಾನುವಾರ ಎಲ್ಲ ಕ್ಯಾಮೆರಾಗಳ ಚಿತ್ರ ತೆಗೆದು ನೋಡಿ. ಲೆನ್ಸ್ ಮುಂದಿನ ಜೇಡರ ಬಲೆ ಒರೆಸಿ. ರಾತ್ರಿ ಸುಮ್ನೆ ಬರುವ ನೋಟಿಫಿಕೇಶನ್‌ಗಳಿಗೆ ಅರ್ಧ ಕಾರಣ ಅದೇ. ಗಡಿಯಾರ ಸರಿ ಇದೆಯಾ, ಮಾಸ್ಕ್ ಇನ್ನೂ ಅದೇ ಜಾಗದಲ್ಲಿದೆಯಾ ನೋಡಿ. ಹೋದ ಯುಗಾದಿಗೆ ನಮ್ಮ ಮನೆಗೆ ಸುಣ್ಣಬಣ್ಣ ಮಾಡಿಸಿದೆವು. ಬಣ್ಣದವರು ಗೋಡೆ ಉಜ್ಜುವಾಗ ಕ್ಯಾಮೆರಾ ಒಂದಿಷ್ಟು ಮೇಲಕ್ಕೆ ತಿರುಗಿತ್ತು. ಮಾಸ್ಕ್‌ನ ಕಪ್ಪು ಚೌಕ ಹಾಗೇ ಇತ್ತು, ಆಂಟಿಯ ಬಾಗಿಲು ಮಾತ್ರ ಅದರ ಕೆಳಗೆ ಮತ್ತೆ ಕಾಣುತ್ತಿತ್ತು. ಅವರು ರಂಗೋಲಿ ಹಾಕಲು ಬರುವ ಮೊದಲೇ, ಬೆಳಿಗ್ಗೆ ಐದೂವರೆಗೆ, ಏಣಿ ಹತ್ತಿ ಇಳಿಸಿದೆ.